ಏಳನೇ ಅಧ್ಯಾಯದ ಖಾಲಿ ಕಪಾಟು

ಕಳೆದ ಭಾನುವಾರ ಅಡುಗೆಮನೆಯ ಮೇಲಿನ ಶೆಲ್ಫು ಒರೆಸುವಾಗ ಹಿಂದುಗಡೆಯಿಂದ ಒಂದು ತಗಡಿನ ಡಬ್ಬಿ ಕೈಗೆ ಸಿಕ್ಕಿತು. ಅಕ್ಕಿ ಬಿಸ್ಕತ್ತಿನ ಡಬ್ಬಿ, ಮುಚ್ಚಳದ ಮೇಲೆ ಅರ್ಧ ಅಳಿಸಿಹೋದ ಫ್ಯೂಜಿ ಬೆಟ್ಟ. ಮುಚ್ಚಳ ತೆಗೆದದ್ದೇ ತಡ, ಹಳೇ ಸೋಯಾ ಸಾಸಿನ ವಾಸನೆಯೂ ಮೆಷಿನ್ ಎಣ್ಣೆಯ ವಾಸನೆಯೂ ಒಟ್ಟಿಗೆ ಮೂಗಿಗೆ ಬಡಿದವು. ಮಗಳು ಇಂಚರ ಊಟದ ಮೇಜಿನಿಂದಲೇ ಮೂಗು ಹಿಡಿದುಕೊಂಡು, "ಅಮ್ಮಾ, ಕುಸಾಯ್! ಕ್ಲೋಸ್ ಇಟ್, ಪ್ಲೀಸ್!" ಎಂದು ಕೂಗಿದಳು. ನಾರುತ್ತೆ ಅಂತ ಅವಳ ಜಪಾನಿ. ನಾನು ಮುಚ್ಚಲಿಲ್ಲ. ನಗೋಯಾದ ಈ ಫ್ಲ್ಯಾಟಿನಲ್ಲಿ ಸ್ಟೂಲಿನ ಮೇಲೆ ನಿಂತಿದ್ದವಳು ಹಮಾಮತ್ಸುವಿನ ಆ ಉದ್ದನೆಯ ಕಾರಿಡಾರಿಗೆ ಹೋಗಿಬಿಟ್ಟೆ.

ಕೊರೊನಾದ ಮೊದಲ ವರ್ಷ ಅದು. ನನ್ನ ಗಂಡ ಪ್ರಸನ್ನ ಮಾರ್ಚಿನಲ್ಲಿ ಹತ್ತು ದಿನಕ್ಕೆಂದು ಅವನ ಚಿಕ್ಕಪ್ಪನ ಮಗಳ ಮದುವೆಗೆ ಮೈಸೂರಿಗೆ ಹೋದವನು ಅಲ್ಲೇ ಸಿಕ್ಕಿಹಾಕಿಕೊಂಡಿದ್ದ. ಇಲ್ಲಿಯ ವೀಸಾ ಇದ್ದವರಿಗೂ ಜಪಾನು ಬಾಗಿಲು ಹಾಕಿಬಿಟ್ಟಿತ್ತು. ಎರಡನೇ ಕ್ಲಾಸಿನ ಮಗು, ಮೂರು ದಿನ ಕಾರ್ಖಾನೆ, ಎರಡು ದಿನ ಮನೆಯಿಂದ ಕೆಲಸ, ಮಿಕ್ಕಂತೆ ನಾಲ್ಕು ಗೋಡೆ. ನನ್ನ ಕಾಲು ಒಂದು ಕಡೆ ನಿಲ್ಲುವುದಿಲ್ಲ, ಬಾಯಂತೂ ಮೊದಲೇ ನಿಲ್ಲುವುದಿಲ್ಲ. "ನಿನ್ನ ಬಾಯಿಗೆ ಒಂದು ಬೀಗ ಇಲ್ಲ ಕಣೇ ಮಾಲತಿ" ಅಂತ ಪ್ರಸನ್ನ ಮದುವೆಯಾದಾಗಿನಿಂದ ಹೇಳುತ್ತಾ ಬಂದಿದ್ದಾನೆ. ಆ ಏಪ್ರಿಲ್‌ನಲ್ಲಿ ಆ ಬಾಯಿಗೆ ಆಡಲು ಜನವೇ ಇರಲಿಲ್ಲ. ಹಾಲಿನಿಂದ ಬಾಲ್ಕನಿಗೆ, ಬಾಲ್ಕನಿಯಿಂದ ಹಾಲಿಗೆ ನಾನು ನಡೆದದ್ದೇ ನಡೆದದ್ದು, ಕೆಳಗಿನ ಮನೆಯವರು ಸಂಘಕ್ಕೆ ದೂರು ಕೊಟ್ಟರು.

ಆ ಕಟ್ಟಡದಲ್ಲಿ ಒಂದು ಪದ್ಧತಿ. ನೆರೆಹೊರೆ ಸಂಘದ ಸೂಚನೆಗಳನ್ನು ಒಂದು ಹಲಗೆಗೆ ಸಿಕ್ಕಿಸಿ ಮನೆಯಿಂದ ಮನೆಗೆ ದಾಟಿಸುತ್ತಾರೆ. ಓದಿದವರು ತಮ್ಮ ಹೆಸರಿನ ಮುಂದೆ ಮುದ್ರೆ ಒತ್ತಿ ಪಕ್ಕದ ಬಾಗಿಲಿಗೆ ನೇತುಹಾಕಬೇಕು. ಮೇ ತಿಂಗಳ ಹಲಗೆಯಲ್ಲಿ ಗಾಳಿಪಟದ ಹಬ್ಬ ಈ ಸಲ ಇಲ್ಲ, ಮಕ್ಕಳನ್ನು ಪಾರ್ಕಿನಲ್ಲಿ ಗುಂಪು ಸೇರಿಸಬೇಡಿ, ಮೇಲಿನ ಮಹಡಿಯವರು ದಯವಿಟ್ಟು ಮೆಲ್ಲಗೆ ನಡೆಯಿರಿ ಎಂದೆಲ್ಲ ಇತ್ತು. ಅದರ ಕೆಳಗೆ ಇಂಗ್ಲಿಷಿನಲ್ಲಿ ನಾಲ್ಕು ಸಾಲು: 'ಇಂಗ್ಲಿಷ್ ಗಟ್ಟಿಯಾಗಿ ಓದಬಲ್ಲವರು ಬೇಕು. ದಿನಕ್ಕೆ ಒಂದು ಗಂಟೆ. ನೀವು ಕಾರಿಡಾರಿನಲ್ಲಿ, ನಾನು ಕಿಟಕಿಯ ಒಳಗೆ. ನಾನು ಕಚ್ಚುವುದಿಲ್ಲ. ಮನೆ ನಂ. 102.' ಮುದ್ರೆ ಒತ್ತುವುದನ್ನೂ ಮರೆತು ಸೀದಾ ಕೆಳಗಿಳಿದೆ.

ಹಾಗೆ ಸಿಕ್ಕಿದವರು ಲೆನಾರ್ಡ್. ಎಪ್ಪತ್ತೆಂಟರ ಇಂಗ್ಲಿಷ್ ಮುದುಕ, ಪೊದೆ ಹುಬ್ಬು, ಕೈಯಲ್ಲಿ ಯಾವಾಗಲೂ ಉರಿಯದ ಒಂದು ಪೈಪು. ಕಣ್ಣಿನ ನಡುಭಾಗದ ದೃಷ್ಟಿ ಹೋಗಿ ಅಂಚಿನಲ್ಲಷ್ಟೇ ಬೆಳಕು ಉಳಿದಿತ್ತು. ನಡೆಯಬಲ್ಲರು, ಟೀ ಮಾಡಬಲ್ಲರು, ಒಂದಕ್ಷರ ಓದಲಾರರು. ಓದಲು ಬರುತ್ತಿದ್ದ ಟೋಕಿಯೋದ ವಿದ್ಯಾರ್ಥಿ ಕೊರೊನಾ ಬಂದ ಮೇಲೆ ರೈಲು ಹತ್ತಿರಲಿಲ್ಲ. ನಾವಿಬ್ಬರೂ ಮಾತಾಡಿದ್ದು ಇಂಗ್ಲಿಷಿನಲ್ಲೇ. ಆದರೆ ಅವರ ಮಾತು ನನಗೆ ನೆನಪಿರುವುದು ನನ್ನ ಕನ್ನಡದಲ್ಲಿ, ಹಾಗಾಗಿ ಹಾಗೇ ಹೇಳುತ್ತೇನೆ.

"ಏನು ಓದ್ಬೇಕು ಸರ್?"

"ನನ್ನವೇ ಪುಸ್ತಕ. ನಾನೇ ಬರೆದದ್ದು. ನಗಬೇಡಿ."

ಸಂಜೆ ಐದಕ್ಕೆ ಊರಿನ ಧ್ವನಿವರ್ಧಕದಲ್ಲಿ ಮಕ್ಕಳು ಮನೆಗೆ ಹೋಗಲೆಂದು ಸಂಗೀತ ಬರುತ್ತದಲ್ಲ, ಅದೇ ನಮ್ಮ ಬೆಲ್ಲು. ಅದು ನಿಂತ ಕೂಡಲೇ ನಾನು ಮಡಚುವ ಕುರ್ಚಿ ಹಾಕಿಕೊಂಡು ಮಾಸ್ಕಿನೊಳಗಿಂದ ಶುರು ಮಾಡುತ್ತಿದ್ದೆ. ಇಂಚರ ಪಕ್ಕದಲ್ಲೇ ನೆಲದ ಮೇಲೆ ಕೂತು ಹೋಂವರ್ಕು ಮಾಡುವಳು. ಓದು ಮುಗಿದಾಗ ಒಳಗಿನಿಂದ ಪ್ರತಿದಿನ ಒಂದೇ ಪ್ರಶ್ನೆ: "ಏನೂ ಬಿಟ್ಟಿಲ್ಲ ತಾನೆ?" ಆ ಟೋಕಿಯೋದ ಹುಡುಗ ಕೋಷ್ಟಕ, ಅಂಕಿಸಂಖ್ಯೆ ಬಂದಲ್ಲೆಲ್ಲ ಹಾರಿಸಿಬಿಡುತ್ತಿದ್ದನಂತೆ. ನಾನು, "ಏನೂ ಬಿಟ್ಟಿಲ್ಲ" ಎಂದು ಕುರ್ಚಿ ಮಡಚುತ್ತಿದ್ದೆ.

ಒಬ್ಬ ಮನುಷ್ಯನ ಇಡೀ ಜೀವಮಾನ ಹೀಗೆ ನನ್ನ ಬಾಯಿಂದ ಹಾದುಹೋಯಿತು. ಇಂಗ್ಲೆಂಡಿನ ಉತ್ತರದಲ್ಲಿ ಹಡಗು ಕಟ್ಟುವ ಊರು. ಅಪ್ಪ ವೆಲ್ಡರ್. ಮಗ ಹದಿನೇಳಕ್ಕೆ ಊರಿನ ಪತ್ರಿಕೆ ಸೇರಿ ಕುರಿ, ದನ, ಆಲೂಗಡ್ಡೆಯ ಧಾರಣೆ ಬರೆದ. ಅಲ್ಲಿಂದ ಲಂಡನ್ನಿನ ದೊಡ್ಡ ಪತ್ರಿಕೆಯ ಅರ್ಥಶಾಸ್ತ್ರದ ಪುಟ. ಕಾಲೇಜು ಮೆಟ್ಟಿಲು ಹತ್ತಿದವನಲ್ಲ. "ಪದವಿ ಇದ್ದವರು ಮಂತ್ರಿಗಳ ಮನೆಗೆ ಹೋಗ್ತಿದ್ರು, ನಾನು ಕಾರ್ಖಾನೆ ಗೇಟಿಗೆ ಹೋಗ್ತಿದ್ದೆ" ಎನ್ನುತ್ತಿದ್ದರು. ಮೊದಲ ಪುಸ್ತಕ ಅಪ್ಪನ ಹಡಗುಕಟ್ಟೆ ಮುಚ್ಚಿದ್ದರ ಬಗ್ಗೆ. ಅದನ್ನು ಓದುವಾಗ ನಾನು ಎರಡು ಸಲ ಮಾಸ್ಕು ಬದಲಾಯಿಸಬೇಕಾಯಿತು, ಅಷ್ಟು ಅತ್ತೆ. ಆಮೇಲೆ ಮೂರು ವರ್ಷಕ್ಕೆಂದು ಜಪಾನಿಗೆ ಬಂದು, ಹಮಾಮತ್ಸುವಿನ ಹಿಸಾಕೋ ಎಂಬವರನ್ನು ಮದುವೆಯಾಗಿ, ಅವರು ತೀರಿಕೊಂಡ ಮೇಲೂ ಊರು ಬಿಡದೆ, ಇಲ್ಲೇ ನಲವತ್ತು ವರ್ಷ. ಮೂರನೇ ಪುಸ್ತಕದಲ್ಲಿ, ಇನ್ನು ಮುಂದೆ ಪ್ರಪಂಚವನ್ನೆಲ್ಲ ಜಪಾನೇ ಆಳುತ್ತದೆ ಎಂದು ಅಡಿಗೆರೆ ಎಳೆದು ಬರೆದಿದ್ದರು. ಅದು ಅಂಗಡಿಗೆ ಬರುವುದಕ್ಕೂ ಇಲ್ಲಿಯ ಷೇರುಪೇಟೆ ದಬಾರನೆ ಬೀಳುವುದಕ್ಕೂ ಸರಿಹೋಯಿತು. ಆ ದಪ್ಪ ಪುಸ್ತಕವನ್ನು ಬಾಗಿಲು ಬಡಿಯದ ಹಾಗೆ ಕೆಳಗೆ ಒತ್ತಿಟ್ಟಿದ್ದರು. "ನಾನು ಬರೆದದ್ರಲ್ಲಿ ದಿನಾ ಕೆಲಸಕ್ಕೆ ಬರೋದು ಇದೊಂದೇ."

ಅವರಿಗೆ ಹೆಸರು ತಂದದ್ದು ಎರಡನೆಯದು, 'ಕಪಾಟೇ ಇಲ್ಲದ ಕಾರ್ಖಾನೆ'. ಇಲ್ಲಿಯ ವಾಹನ ಕಾರ್ಖಾನೆಗಳ ಪದ್ಧತಿ ಗೊತ್ತಲ್ಲ: ಬೇಕಾದದ್ದು, ಬೇಕಾದಾಗ, ಬೇಕಾದಷ್ಟೇ. ಹೆಚ್ಚಿಗೆ ಒಂದು ಸ್ಕ್ರೂ ಕೂಡಿಟ್ಟರೂ ಅದು ಸೋಮಾರಿತನ, ಅದು ತಪ್ಪು. ಈ ಮಾತನ್ನು ಇಂಗ್ಲಿಷ್ ಓದುವ ಜನಕ್ಕೆ ಕಥೆಯ ಹಾಗೆ ಹೇಳಿದ ಪುಸ್ತಕ ಅದು. ಈಗ ಕೊರೊನಾದಲ್ಲಿ ಎಲ್ಲೆಲ್ಲೂ ಬಿಡಿಭಾಗ ಸಿಗದೆ ಕಾರ್ಖಾನೆಗಳು ನಿಂತಿದ್ದವು. ಲಂಡನ್ನಿನ ಪ್ರಕಾಶಕರು ಪುಸ್ತಕವನ್ನು ಮತ್ತೆ ಅಚ್ಚು ಹಾಕುತ್ತೇವೆ, ಹೊಸ ಮುನ್ನುಡಿ ಕೊಡಿ ಎಂದಿದ್ದರು. "ಇದು ನಾನು ಬರೆಯೋ ಕೊನೇದು" ಎಂದು ಲೆನಾರ್ಡ್ ಖಡಾಖಂಡಿತ ಹೇಳಿಬಿಟ್ಟಿದ್ದರು. ಅದಕ್ಕೇ ಹಳೆಯದನ್ನೆಲ್ಲ ಓದಿಸಿಕೊಳ್ಳುತ್ತಿದ್ದದ್ದು.

ಜೂನ್ ಮಳೆ ಹಿಡಿದ ಹೊತ್ತಿಗೆ ನನ್ನ ಕಾರ್ಖಾನೆಗೂ ಬಿಸಿ ಮುಟ್ಟಿತು. ಮೋಟರ್‌ಸೈಕಲ್ಲಿನ ಒಳಗಿನ ವೈರುಗಳ ಕಟ್ಟು ಮಾಡುವ ಸಣ್ಣ ಕಂಪನಿ ನಮ್ಮದು. ನಾನು ಅಲ್ಲಿ ಪ್ಲಾನಿಂಗ್ ಎಂಜಿನಿಯರು. ಉಗುರಿನಷ್ಟು ದೊಡ್ಡ ಒಂದು ಪ್ಲಾಸ್ಟಿಕ್ ಕ್ಲಿಪ್ಪು ಹೊರದೇಶದಿಂದ ಬರುವುದು ನಿಂತುಹೋಗಿತ್ತು. ನನ್ನ ಪರದೆಯಲ್ಲಿ ಗುರುವಾರದಿಂದ ಆಚೆಗೆಲ್ಲ ಕೆಂಪು. ಲೈನು ನಿಂತರೆ ಗಂಟೆಲೆಕ್ಕದ ಮೂವತ್ತು ಹೆಂಗಸರು ಮನೆಗೆ. ಬುಧವಾರ ಮಧ್ಯಾಹ್ನ ಹಿರಿಯ ಸೂಪರ್‌ವೈಸರ್ ಮೊರಿತಾ-ಸಾನ್ ನನ್ನ ಮೇಜಿನ ಬಳಿ ಬಂದು ನಿಂತರು.

"ಮಾರತಿ-ಸಾನ್, ಸುಮಿಮಾಸೆನ್, ಒಂದ್ನಿಮಿಷ ಬರ್ತೀರಾ?"

ನನ್ನ ಹೆಸರು ಅವರ ಬಾಯಲ್ಲಿ ಹಾಗೇ, 'ಲ' ಹೊರಳುವುದಿಲ್ಲ; ಸಾನ್ ಅಂದರೆ ನಮ್ಮ 'ಅವರೇ'. ಅರವತ್ತೇಳರ ಮನುಷ್ಯ, ನಿವೃತ್ತಿಯಾದ ಮೇಲೂ ವರ್ಷ ವರ್ಷ ಮುಂದುವರಿಸಿಕೊಂಡವರು, ಬರುವ ಮಾರ್ಚಿಗೆ ಅವರ ಕೆಲಸ ಮುಗಿಯುತ್ತಿತ್ತು. ನಾನು ಆ ಕೆಲಸದಲ್ಲಿ ಕಲಿತದ್ದೆಲ್ಲ ಅವರಿಂದ. ಪೊರಕೆ ಇಡುವ ಕೋಣೆಗೆ ಕರೆದುಕೊಂಡು ಹೋಗಿ ಕಪಾಟಿನ ಹಿಂದಿನ ಹಲಗೆಯನ್ನು ಎರಡೂ ಕೈಯಲ್ಲಿ ಎತ್ತಿ ಪಕ್ಕಕ್ಕಿಟ್ಟರು. ಹಿಂದೆ ಗೋಡೆಯುದ್ದಕ್ಕೂ ಅಕ್ಕಿ ಬಿಸ್ಕತ್ತಿನ ತಗಡಿನ ಡಬ್ಬಿಗಳು. ಒಂದೊಂದರ ಮೇಲೂ ಚೀಟಿ, ಚೀಟಿಯ ಮೇಲೆ ತಿಂಗಳು. ಹಳೆಯದನ್ನು ಲೈನಿಗೆ ಕೊಟ್ಟು ಹೊಸದನ್ನು ಒಳಗಿಡುತ್ತಾ ಬಂದಿದ್ದಾರೆ, ದಶಕಗಳಿಂದ. ಕ್ಲಿಪ್ಪು, ರಬ್ಬರು, ಪಿನ್ನು. ಎರಡು ವಾರಕ್ಕೆ ಧಾರಾಳ ಸಾಕು.

ನನ್ನ ಅಮ್ಮ ಅಡುಗೆಮನೆಯಲ್ಲಿ ಬೇಳೆ ಡಬ್ಬಿಯ ಹಿಂದೆ ಇನ್ನೊಂದು ಬೇಳೆ ಡಬ್ಬಿ ಬಚ್ಚಿಡುತ್ತಿದ್ದದ್ದು ನೆನಪಾಗಿ ನನಗೆ ನಗು ತಡೆಯಲಿಲ್ಲ. ಅವರು ನಗಲಿಲ್ಲ.

"ಯಾಕೆ ಮೊರಿತಾ-ಸಾನ್?"

"ಒಂದು ವರ್ಷ ಹಿಮ ಬಿದ್ದು ಲಾರಿ ಬರಲಿಲ್ಲ. ಬೆಳಿಗ್ಗೆ ಹತ್ತಕ್ಕೇ ಹೆಂಗಸರನ್ನ ಮನೆಗೆ ಕಳಿಸಿದ್ವಿ. ಒಬ್ಬರು ಊಟದ ಡಬ್ಬಿ ಬಿಚ್ಚಲೇ ಇಲ್ಲ, ಹಾಗೇ ಹಿಡ್ಕೊಂಡು ಹೋದ್ರು. ಅದನ್ನ ಮತ್ತೆ ನೋಡಕ್ಕಾಗಲ್ಲ ನನಗೆ."

ಯಾರಿಗೂ ಹೇಳಬೇಡಿ ಎಂದು ಅವರು ಹೇಳಲಿಲ್ಲ. ಅದನ್ನೂ ಬಾಯಿಬಿಟ್ಟು ಹೇಳಬೇಕು ಎಂದು ಅವರಿಗೆ ಅನಿಸಿರಲಿಕ್ಕಿಲ್ಲ. ಲೈನು ನಿಲ್ಲಲಿಲ್ಲ. ನಾನು ಆ ಸಂಜೆ ಖುಷಿಯಲ್ಲಿ ಹಾರಿಕೊಂಡು ಮನೆಗೆ ಬಂದೆ. ಐದರ ಸಂಗೀತ ಮುಗಿಯುವುದಕ್ಕೂ ಪುರುಸೊತ್ತಿಲ್ಲ, ಕಿಟಕಿಯಲ್ಲಿ ಇಡೀ ಕಥೆಯನ್ನು ಉಪ್ಪುಖಾರ ಹಚ್ಚಿ ಸುರಿದುಬಿಟ್ಟೆ. ಲೆನಾರ್ಡ್ ನಕ್ಕೇ ನಗುತ್ತಾರೆ ಅಂದುಕೊಂಡಿದ್ದೆ. ಒಳಗೆ ಪೈಪನ್ನು ಮೇಜಿನ ಮೇಲೆ ಇಟ್ಟ ಸದ್ದಾಯಿತು.

ಅವರು ಕೇಳಿದರು, "ನಿಮ್ಮ ಕಾರ್ಖಾನೆ ತೆನ್ರ್ಯೂ ನದಿ ದಂಡೇಲಿದೆಯಾ?"

"ಹೌದು."

"ಗೇಟಿನ ಪಕ್ಕ ಕಾಕಿ ಹಣ್ಣಿನ ಮರ?"

"ಇದೆ. ಯಾಕೆ?"

"ಏಳನೇ ಅಧ್ಯಾಯ ಓದಿ."

ಓದಿದೆ. 'ಕಪಾಟೇ ಇಲ್ಲದ ಕಾರ್ಖಾನೆ'ಯಲ್ಲಿ ನಾವಿನ್ನೂ ಅಲ್ಲಿಯವರೆಗೆ ಬಂದಿರಲಿಲ್ಲ. ನದಿಯ ದಂಡೆಯ ಒಂದು ಪುಟ್ಟ ಕಾರ್ಖಾನೆ. ಕಾಕಿ ಮರ. ಒಬ್ಬ ಯುವ ಮೇಸ್ತ್ರಿ ವಿದೇಶಿ ಪತ್ರಕರ್ತನಿಗೆ ಒಂದೊಂದೇ ಕಪಾಟನ್ನು ಎರಡೂ ಕೈಯಿಂದ ತೆರೆದು ತೋರಿಸುತ್ತಾನೆ. ಖಾಲಿ. ಖಾಲಿ. ಖಾಲಿ. ಕೊನೆಯದರಲ್ಲಿ ಬರೀ ಪೊರಕೆಗಳು. ಇಡೀ ಪುಸ್ತಕಕ್ಕೆ ಹೆಸರು ಬಂದದ್ದೇ ಆ ಅಧ್ಯಾಯದಿಂದ. ಎರಡೂ ಕೈಯಲ್ಲಿ ಹಲಗೆ ಎತ್ತಿದ ಮೊರಿತಾ-ಸಾನ್ ಕಣ್ಣಮುಂದೆ ಬಂದರು. ಅಯ್ಯೋ ದೇವರೇ, ಏನು ಮಾಡಿಬಿಟ್ಟೆ ಅನಿಸಿತು.

"ಇದನ್ನ ಮುನ್ನುಡಿಯಲ್ಲಿ ಬರೀಲೇಬೇಕು" ಎಂದರು ಲೆನಾರ್ಡ್.

ಮುಂದಿನ ಎರಡು ತಿಂಗಳು ನಾನು ಸರಿಯಾಗಿ ಒಂದು ತುತ್ತು ಉಂಡಿಲ್ಲ. ನಮ್ಮಿಂದ ವೈರು ಕೊಳ್ಳುವ ದೊಡ್ಡ ಕಂಪನಿಯವರು ವರ್ಷಕ್ಕೊಮ್ಮೆ ಬಂದು ಮೂಲೆಮೂಲೆ ನೋಡುತ್ತಾರೆ. ಬಚ್ಚಿಟ್ಟ ದಾಸ್ತಾನು ಇದೆ ಎಂದು ಗೊತ್ತಾದರೆ ಮೊರಿತಾ-ಸಾನ್ ಕಥೆ ಮುಗಿಯಿತು. ಮಾರ್ಚಿನಲ್ಲಿ ಹೂಗುಚ್ಛ ಹಿಡಿದು, ಎಲ್ಲರೂ ಸಾಲಾಗಿ ನಿಂತು ಚಪ್ಪಾಳೆ ತಟ್ಟುವಾಗ ಗೇಟು ದಾಟಬೇಕಾದವರು ಹಿಂಬಾಗಿಲಿನಿಂದ ತಲೆತಗ್ಗಿಸಿ ಹೋಗಬೇಕಾಗುತ್ತದೆ. ಕಾರಣ ನನ್ನ ಬಾಯಿ.

"ಹೆಸರು ಬರೆಯಲ್ಲ" ಎಂದರು ಲೆನಾರ್ಡ್.

"ಕಾಕಿ ಮರ? ನದಿ? ಅದೆಲ್ಲ ಆಗಲೇ ಅಚ್ಚಾಗಿದೆ ಸರ್. ಈ ಊರಲ್ಲಿ ಯಾರನ್ನ ಕೇಳಿದ್ರೂ ಹೇಳ್ತಾರೆ."

"ಮಾಲತಿ, ನನ್ನ ಪುಸ್ತಕ ಓದಿ ಎಷ್ಟು ಜನ ತಮ್ಮ ಗೋದಾಮು ಖಾಲಿ ಮಾಡ್ಕೊಂಡಿದ್ದಾರೋ ನನಗೆ ಗೊತ್ತಿಲ್ಲ. ಮೂರನೇ ಪುಸ್ತಕ ತಪ್ಪಾಯ್ತು, ಜನ ನಕ್ಕರು, ಸರಿ. ಇದು ಹಾಗಲ್ಲ. ಗೊತ್ತಿದ್ದೂ ಸುಮ್ಮನಿದ್ರೆ ನಾನು ಬರೆದದ್ದೆಲ್ಲ ಬರೀ ಗಾಳಿ."

ಅವರದ್ದೂ ಸುಳ್ಳಲ್ಲ. ರಾತ್ರಿ ಫೋನಿನಲ್ಲಿ ಪ್ರಸನ್ನ, "ಮೊರಿತಾಗೇ ಹೋಗಿ ಹೇಳ್ಬಿಡು, ಸಾರಿ ಕೇಳು" ಎಂದ. ನನಗೆ ಧೈರ್ಯ ಬರಲಿಲ್ಲ. ಬೆಳಿಗ್ಗೆ ಲೈನಿನಲ್ಲಿ ಅವರು ಎಂದಿನಂತೆ ತಲೆ ಬಾಗಿಸಿ ಒಹಾಯೋ ಎಂದರೆ ನಾನು ಫೈಲಿನೊಳಗೆ ಮುಖ ಹುದುಗಿಸುತ್ತಿದ್ದೆ.

ಆಗಸ್ಟಿನ ಸುಡುಬಿಸಿಲಿನಲ್ಲಿ ಲೆನಾರ್ಡ್ ಮುನ್ನುಡಿ ಹೇಳತೊಡಗಿದರು. ಕಿಟಕಿಯ ಹೊರಗೆ ತೊಡೆಯ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ನಾನೇ ಟೈಪು ಮಾಡಬೇಕು. ನಾನೇ ಓದಿ ಹೇಳಬೇಕು. ನಾನೇ ಲಂಡನ್ನಿಗೆ ಕಳಿಸಬೇಕು. ಎಂಟು ಪುಟ ಸಲೀಸಾಗಿ ಬಂತು. ಒಂದು ದಿನ ಜೀರುಂಡೆಗಳ ಗಲಾಟೆಯ ನಡುವೆ ಅವರು ಆ ಪ್ಯಾರಾ ಹೇಳಿದರು. ತಡೆದು ತಡೆದು, ಒಂದೊಂದು ಪದ ತೂಗಿ. ನಾನು ಕೀಲಿಗಳ ಮೇಲೆ ಬೆರಳು ಆಡಿಸಿದೆ. ಟಕಟಕ ಸದ್ದೇನೋ ಆಯಿತು. ಆದರೆ ಪರದೆಯ ಮೇಲೆ ಆ ಪ್ಯಾರಾ ಇರಲಿಲ್ಲ.

"ಓದಿ ನೋಡೋಣ."

ನೆನಪಿನಿಂದ ಓದಿದೆ. ಆ ಒಂದು ಸಂಜೆಯಲ್ಲಿ ಆರು ಸಲ ಓದಿಸಿದರು, ಒಂದು ಪದ ಅಲ್ಲಿ, ಒಂದು ಪದ ಇಲ್ಲಿ ತಿದ್ದಿದರು. ನನಗೆ ಅದು ಬಾಯಿಪಾಠವಾಗಿಹೋಯಿತು.

"ಏನೂ ಬಿಟ್ಟಿಲ್ಲ ತಾನೆ?"

"ಏನೂ ಬಿಟ್ಟಿಲ್ಲ."

ಕಣ್ಣು ಕಾಣದ ಮುದುಕನಿಗೆ ಎದುರಿಗೇ ಕೂತು ಮೋಸ ಮಾಡಿದೆ. ಸುತ್ತಿ ಬಳಸಿ ಹೇಳುವುದೇನೂ ಇಲ್ಲ, ಮೋಸವೇ. ಕರಡು ಅಚ್ಚಾಗಿ ಬಂದಾಗಲೂ ಹಾಗೇ ಮಾಡಿದೆ. ಅಕ್ಟೋಬರಿನಲ್ಲಿ ಪ್ರಸನ್ನ ಬಂದ. ಅವನಿಗೂ ಹೇಳಲಿಲ್ಲ. ಜೀವಮಾನದಲ್ಲಿ ಒಂದೇ ಒಂದು ಸಲ ನನ್ನ ಬಾಯಿಗೆ ಬೀಗ ಬಿತ್ತು, ಅದೂ ಇದಕ್ಕೆ.

ಪುಸ್ತಕ ಫೆಬ್ರವರಿಯಲ್ಲಿ ಬಂತು. ಪಶ್ಚಿಮದ ಒಣಗಾಳಿ ಹಮಾಮತ್ಸುವನ್ನು ಅಲ್ಲಾಡಿಸುವ ಕಾಲ. ಲೆನಾರ್ಡ್ ಅದನ್ನು ಕೈಯಲ್ಲಿ ತಿರುಗಿಸಿ, ಮೂಸಿ, ತೊಡೆಯ ಮೇಲೆ ಇಟ್ಟುಕೊಂಡರು. ಮಾರ್ಚಿನ ಕೊನೆಗೆ ಮೊರಿತಾ-ಸಾನ್ ಹೂಗುಚ್ಛ ಹಿಡಿದು, ಸಾಲಾಗಿ ನಿಂತ ಹೆಂಗಸರ ಚಪ್ಪಾಳೆಯ ನಡುವೆ ಗೇಟು ದಾಟಿದರು. ನಾನು ಮಾಸ್ಕಿನೊಳಗೆ ಗಳಗಳ ಅತ್ತೆ. ಸದ್ಯ, ಉಳಿಸಿದೆನಲ್ಲ ಎಂಬ ಹೆಮ್ಮೆಯೂ ಇತ್ತು, ಅದನ್ನೂ ಮುಚ್ಚಿಡುವುದಿಲ್ಲ.

ಗೇಟಿನ ಹೊರಗೆ ಅವರು ನನ್ನನ್ನು ಪಕ್ಕಕ್ಕೆ ಕರೆದರು. ಕೈಯಲ್ಲಿ ಬಟ್ಟೆ ಸುತ್ತಿದ ಒಂದು ಡಬ್ಬಿ.

"ಮಾರತಿ-ಸಾನ್, ನಿಮಗೆ ಇಂಗ್ಲಿಷ್ ಬರುತ್ತೆ, ಅದಕ್ಕೇ ಕೇಳ್ತಿದ್ದೀನಿ. ತುಂಬಾ ಹಿಂದೆ ಒಬ್ಬರು ಇಂಗ್ಲಿಷ್ ಪತ್ರಕರ್ತರು ನಮ್ಮಲ್ಲಿಗೆ ಬಂದಿದ್ರು. ಅವರು ಬರ್ತಾರೆ ಅಂತ ಹಿಂದಿನ ದಿನ ಡಬ್ಬಿಗಳನ್ನೆಲ್ಲ ನಮ್ಮ ತಾಯಿ ಮನೆಗೆ ಸಾಗಿಸಿದ್ದೆ. ಖಾಲಿ ಕಪಾಟು ತೋರಿಸಿದೆ. ಅವರು ಅದನ್ನೇ ನಂಬಿ ಪುಸ್ತಕ ಬರೆದ್ರಂತೆ. ಮನೆಗೆ ಬಂದವರಿಗೆ ಮೋಸ ಮಾಡಿದೆ. ಇಷ್ಟು ವರ್ಷ ಕಂಪನಿಯಲ್ಲಿದ್ದೆ, ಬಾಯಿ ಬಿಡೋ ಹಾಗಿರಲಿಲ್ಲ. ಇವತ್ತಿಂದ ಬಿಡಬಹುದು. ಅವರು ಬದುಕಿದ್ರೆ ಹುಡುಕಿ ಕೊಡ್ತೀರಾ? ಕ್ಷಮೆ ಕೇಳಬೇಕು. ಅವರು ಅದನ್ನ ಬರೆದು ಸರಿ ಮಾಡಿದ್ರೆ ನನಗೆ ನಿದ್ದೆ ಬರುತ್ತೆ."

ನಾನು ಯಾವುದರಿಂದ ಇವರನ್ನು ಕಾಪಾಡಿದೆನೆಂದು ಬೀಗುತ್ತಿದ್ದೆನೋ ಅದನ್ನೇ ಇವರು ಬೇಡುತ್ತಿದ್ದರು.

ಮರುದಿನವೇ ಕರೆದುಕೊಂಡು ಬಂದೆ. ಮೊರಿತಾ-ಸಾನ್ ಕೋಟು ಟೈ ತೊಟ್ಟು ಬಂದಿದ್ದರು. ಕಿಟಕಿಯ ಮುಂದೆ ಸೊಂಟ ಬಗ್ಗಿಸಿ ನಿಂತವರು ಏಳಲೇ ಇಲ್ಲ. ಲೆನಾರ್ಡ್ ಅವರಿಗೆ ಕಾಣುವುದಿಲ್ಲವಲ್ಲ, "ಏನಾಗ್ತಿದೆ?" ಎಂದು ಕೇಳಿದರು.

"ಬಗ್ಗಿದ್ದಾರೆ. ಇನ್ನೂ ಬಗ್ಗೇ ಇದ್ದಾರೆ" ಎಂದೆ.

ಲೆನಾರ್ಡ್ ಅವರ ಜಪಾನಿ ನಲವತ್ತು ವರ್ಷದಲ್ಲೂ ಅಂಗಡಿಯ ಮಾತು ದಾಟಿರಲಿಲ್ಲ, ನಾನು ನಡುವೆ ನಿಂತು ಈ ಕಡೆಯ ಮಾತು ಆ ಕಡೆಗೆ ಹೇಳಿದೆ. ಮೊರಿತಾ-ಸಾನ್ ಡಬ್ಬಿಯನ್ನು ಎರಡೂ ಕೈಯಲ್ಲಿ ಕಿಟಕಿಯೊಳಗೆ ಚಾಚಿದರು. ಲೆನಾರ್ಡ್ ತಡವಿ ನೋಡಿ, ಮುಚ್ಚಳ ತೆಗೆದು, ಮೂಸಿ, ಒಂದು ಕ್ಲಿಪ್ಪನ್ನು ಬೆರಳಲ್ಲಿ ಹಿಡಿದು ಜೋರಾಗಿ ನಕ್ಕರು. "ಹೇಳಿ ಅವರಿಗೆ, ನಾನು ಆಗಲೇ ಬರೆದಾಯ್ತು. ಅಚ್ಚಾಗಿದೆ. ಮಾಲತಿ, ಆ ಪ್ಯಾರಾ ಓದಿ. ಅವರ ಭಾಷೆಯಲ್ಲೂ ಹೇಳಿ."

ಪುಸ್ತಕ ನನ್ನ ಕೈಗೆ ಬಂತು. ಒಂದು ಕಡೆ ಕಣ್ಣಿಲ್ಲದವರು, ಇನ್ನೊಂದು ಕಡೆ ಇಂಗ್ಲಿಷ್ ಬಾರದವರು. ಇಬ್ಬರೂ ನನ್ನ ಬಾಯಿಗಾಗಿ ಕಾಯುತ್ತಿದ್ದರು. ಮುನ್ನುಡಿಯ ಎಂಟನೇ ಪುಟ ತೆರೆದೆ. ಹೇಳಿಬಿಡು, ಈಗಲೇ ಹೇಳಿಬಿಡು ಎಂದು ಒಳಗೆ ಬಡಿದುಕೊಂಡಿತು. ಹೇಳಲಿಲ್ಲ. ಇಲ್ಲದ ಪ್ಯಾರಾವನ್ನು ನೆನಪಿನಿಂದ ಓದಿದೆ, ಮೊದಲು ಇಂಗ್ಲಿಷಿನಲ್ಲಿ, ಆಮೇಲೆ ಜಪಾನಿಯಲ್ಲಿ. ಮೊರಿತಾ-ಸಾನ್ ಕರ್ಚೀಫು ತೆಗೆದು ಮಾಸ್ಕಿನ ಮೇಲೆ ಒತ್ತಿಕೊಂಡು, "ಅರಿಗಾತೋ, ಅರಿಗಾತೋ" ಎಂದರು. ಲೆನಾರ್ಡ್ ಡಬ್ಬಿಯ ಮುಚ್ಚಳ ಹಾಕಿದರು. ವರ್ಷಪೂರ್ತಿ ಕೇಳುತ್ತಿದ್ದ ಆ ಒಂದು ಪ್ರಶ್ನೆಯನ್ನು ಅವತ್ತು ಕೇಳಲಿಲ್ಲ. ಕುರ್ಚಿ ಮಡಚಿದೆ, ಕಾದೆ. ಕೇಳಲಿಲ್ಲ. ಮೊರಿತಾ-ಸಾನ್ ಹೋದ ಮೇಲೆ ಡಬ್ಬಿಯನ್ನು ನನ್ನ ಕಡೆ ಚಾಚಿ, "ಇದು ನಿಮ್ಮ ಹತ್ರಾನೇ ಇರಲಿ" ಎಂದರು.

ಮುಂದಿನ ವರ್ಷ ಲೆನಾರ್ಡ್ ಇಂಗ್ಲೆಂಡಿಗೆ ತಂಗಿಯ ಮಗಳ ಮನೆಗೆ ಹೋದರು. ಒಂದಷ್ಟು ದಿನ ಫೋನು ಬರುತ್ತಿತ್ತು, ಆಮೇಲೆ ನಿಂತಿತು. ನಾವು ನಗೋಯಾಕ್ಕೆ ಬಂದೆವು. ಇಲ್ಲಿಯ ಸ್ಟೇಷನ್ನಿನ ಪುಸ್ತಕದ ಅಂಗಡಿಯಲ್ಲಿ ಆ ಪುಸ್ತಕ ಕಂಡಾಗಲೆಲ್ಲ ನಾನು ಇನ್ನೊಂದು ಸಾಲಿಗೆ ದಾಟಿಕೊಳ್ಳುತ್ತೇನೆ. ಅವರಿಗೆ ಗೊತ್ತಾಗಿತ್ತೋ ಇಲ್ಲವೋ ಎಂದು ಇವತ್ತಿಗೂ ನನ್ನ ಮನಸ್ಸು ಬಾಲ್ಕನಿಯಿಂದ ಹಾಲಿಗೆ, ಹಾಲಿನಿಂದ ಬಾಲ್ಕನಿಗೆ ನಡೆಯುತ್ತಲೇ ಇದೆ. ಆ ಪ್ಯಾರಾ ಯಾವ ಕಾಗದದ ಮೇಲೂ ಇಲ್ಲ. ನನ್ನ ಹತ್ತಿರ ಮಾತ್ರ ಇದೆ. ಡಬ್ಬಿ ಸಿಕ್ಕಿದ ಮೇಲೆ ತಡೆಯಲಾಗಲಿಲ್ಲ, ಅದನ್ನು ಇಲ್ಲಿ ಇಡುತ್ತಿದ್ದೇನೆ, ಅವರಿಬ್ಬರಿಗೂ ಓದಲು ಬಾರದ ಭಾಷೆಯಲ್ಲಿ.

'ಈ ಪುಸ್ತಕದ ಏಳನೇ ಅಧ್ಯಾಯದಲ್ಲಿ ಖಾಲಿ ಕಪಾಟು ನೋಡಿದೆ ಎಂದು ಬರೆದಿದ್ದೇನೆ. ನೋಡಿದ್ದು ನಿಜ. ಅದರ ಹಿಂದಿನ ಹಲಗೆಯನ್ನು ತಟ್ಟಿ ನೋಡಲಿಲ್ಲ. ಹಿಂದೆ ಬಿಸ್ಕತ್ತಿನ ಡಬ್ಬಿಗಳಿದ್ದವು, ಡಬ್ಬಿಗಳಲ್ಲಿ ಬಿಡಿಭಾಗಗಳಿದ್ದವು. ಆ ಮೇಸ್ತ್ರಿ ನನಗೆ ಸುಳ್ಳು ಹೇಳಿದನೆಂದು ಯಾರೂ ತಿಳಿಯಬಾರದು. ನನಗೆ ಬೇಕಾಗಿದ್ದ ಕಪಾಟನ್ನೇ ನಾನು ನೋಡಿದೆ. ನನ್ನ ಮಾತು ನಂಬಿದವರ ಕಾರ್ಖಾನೆಗಳು ಈ ವರ್ಷ ನಿಂತುಹೋದವು. ಅವನದು ನಿಲ್ಲಲಿಲ್ಲ, ಅಲ್ಲಿಯ ಹೆಂಗಸರು ಊಟದ ಡಬ್ಬಿಯನ್ನು ಕಾರ್ಖಾನೆಯಲ್ಲೇ ಕೂತು ಬಿಚ್ಚಿದರು. ಅರ್ಥಶಾಸ್ತ್ರ ನನಗಿಂತ ಅವನಿಗೆ ಚೆನ್ನಾಗಿ ಗೊತ್ತಿತ್ತು. ಅವನಿಗೆ ನನ್ನ ನಮಸ್ಕಾರ.'

ಏನೂ ಬಿಟ್ಟಿಲ್ಲ.